ಡೇರಿ ಪುಸ್ತಕದಲ್ಲಿ ನನ್ನ ಹೆಸರು

ವೈದ್ಯನಾಥಪುರ

ಮಳವಳ್ಳಿಯ ತವರಿನಲ್ಲಿರುವ ಸೊಸೆ ದೀಪಿಕಳಿಗೆ,

ಕೇಸು ಮುಗಿಯುವವರೆಗೆ ನಿನಗೂ ಮಗುವಿಗೂ ಕೋರ್ಟು ಕೊಡಿಸಿರುವ ಜೀವನಾಂಶವನ್ನು ಇಳಿಸಬೇಕೆಂದು ರಘು ಅರ್ಜಿ ಹಾಕಿದ್ದಾನೆ. ಅವನಿಗೆ ಸಂಪಾದನೆಯೇ ಇಲ್ಲವಂತೆ! ಆರು ಹಸುಗಳ ಹಾಲು ಕರೆದು ಎರಡು ಹೊತ್ತೂ ಡೇರಿಗೆ ಹಾಕುವವನು ಅವನೇ. ಹೋದ ತಿಂಗಳು ಡೇರಿ ಪುಸ್ತಕವನ್ನು ನನ್ನ ಹೆಸರಿಗೆ ಮಾಡಿಸಿದ. ಯಾಕೋ ಅಂದರೆ, "ಸುಮ್ನೆ ಸೈನ್ ಹಾಕಪ್ಪ, ನಿಂಗೇನ್ ಗೊತ್ತಾಯ್ತದೆ" ಅಂದ. ಹಾಕಿಬಿಟ್ಟೆ, ನನ್ನ ಬುದ್ಧಿಗೆ ಬೆಂಕಿ ಹಾಕ.

ನಿನ್ನ ವಕೀಲರಿಗೆ ಹೇಳಿ ನನ್ನನ್ನು ಸಾಕ್ಷಿಗೆ ಕರೆಸು. ಮದ್ದೂರು ಕೋರ್ಟಿಗೆ ಪುಸ್ತಕ ತರುತ್ತೇನೆ. ಫೋನ್ ಮಾಡಬೇಡ, ಅವನು ಎತ್ತುತ್ತಾನೆ. ಆ ದಿನ ಮಗುವನ್ನು ಮಾತ್ರ ಕರೆತರಬೇಡ. ಅವಳಪ್ಪ ಸುಳ್ಳುಗಾರ ಎಂದು ತಾತನ ಬಾಯಿಂದ ಅವಳು ಕೇಳಬಾರದು.

ನಿನ್ನ ಮಾವ,
ಮಾದಯ್ಯ