ಬೆನ್ನ ಹಿಂದಿನ ಕೈಗಳು

ಮನೆಯಿಂದ,
ಹನ್ನೆರಡನೇ ತಾರೀಕು, ಗುರುವಾರ

ಪ್ರೀತಿಯ ಅಕ್ಕಾ,

ಹೇಗಿದ್ದೀಯ? ಕಣ್ಣಿನ ಆಪರೇಷನ್ ಆದ ಮೇಲೆ ಸೂಜಿಗೆ ದಾರ ನೀನೇ ಪೋಣಿಸುತ್ತೀಯ ಎಂದು ಓದಿ ಸಂತೋಷವಾಯಿತು. ನೀನು ಕೇಳಿದ್ದ ಬಾಗಿದ ತುದಿಯ ಸಣ್ಣ ಕತ್ತರಿ ಬಂದು ತಲುಪಿತು ತಾನೆ? ಕಾಲುಗುರಿಗೆ ಇಷ್ಟು ನಾಜೂಕಿನ ಕತ್ತರಿಯೇ ಎಂದು ಅಂಗಡಿಯವನು ನಕ್ಕ. ನಮ್ಮಕ್ಕ ಎಲ್ಲದರಲ್ಲೂ ಹಾಗೇ ಎಂದೆ. ಭಾವನವರ ಕೆಮ್ಮು ಕಡಿಮೆಯಾಯಿತೆ? ಮೊನ್ನೆ ಫೋನ್ ಮಾಡಿದರೆ, "ನಿಮ್ಮಕ್ಕ ಕೆಲಸದಲ್ಲಿದ್ದಾಳೆ ಕಣಯ್ಯ, ಆಮೇಲೆ ಮಾಡು" ಎಂದು ಇಟ್ಟೇಬಿಟ್ಟರು. ನಿವೃತ್ತಿಯಾದ ಮೇಲೂ ಬಾಗಿಲು ಹಾಕಿಕೊಂಡು ಮಾಡುವಂಥ ಕೆಲಸ ಅದೇನೋ! ನನ್ನ ಆರೋಗ್ಯ ಪರವಾಗಿಲ್ಲ. ನಿನ್ನೆಯಿಂದ ರಕ್ತದೊತ್ತಡ ಮಾತ್ರ ಏರಿದೆ. ಅದಕ್ಕೆ ಕಾರಣ ಉಪ್ಪಲ್ಲ, ಚಿಟ್ಟೆ.

ಹೌದು, ಅದೇ ಚಿಟ್ಟೆ. ನಮ್ಮ ಮಹಡಿಯಲ್ಲಿ ಬಾಡಿಗೆಗಿದ್ದವರ ಮಗಳು, ನಿನ್ನ ಜೀವದ ಗೆಳತಿ, ಈಗ ಸಿನಿಮಾ ತಾರೆಯರ ಉಡುಪು ವಿನ್ಯಾಸ ಮಾಡುವ ದೊಡ್ಡ ಮನುಷ್ಯಳು. ಇಲ್ಲಿಯ ವಸ್ತುಸಂಗ್ರಹಾಲಯದಲ್ಲಿ ಅವಳದೊಂದು ಪ್ರದರ್ಶನ ನಡೆಯುತ್ತಿದೆ. ಏನು ಗೊತ್ತೆ? ಚಿತ್ರತಾರೆಯರ ಕಾಗದದ ಗೊಂಬೆಗಳು, ಅವುಗಳಿಗೆ ತೊಡಿಸುವ ಕಾಗದದ ಉಡುಪುಗಳು! "ಬಾಲ್ಯದ ಏಕಾಂತದಲ್ಲಿ ಅರಳಿದ ಪ್ರತಿಭೆ" ಎಂದು ಪತ್ರಿಕೆ ಬರೆದಿದೆ. ಏಕಾಂತವಂತೆ! ಬೆಳಗಾದರೆ ನಮ್ಮ ಚಾಪೆಯ ಮೇಲೆ ಬಂದು ಕೂರುತ್ತಿದ್ದವಳನ್ನು ಕತ್ತಲಾದ ಮೇಲೆ ಅವರಮ್ಮ ಬಂದು ಎಳೆದುಕೊಂಡು ಹೋಗಬೇಕಾಗಿತ್ತು. ನಿನ್ನೆ ಟಿಕೆಟ್ ತೆಗೆದುಕೊಂಡು ಒಳಗೆ ಹೋದೆ. ಮೊದಲ ಗಾಜಿನ ಪೆಟ್ಟಿಗೆಯ ಮುಂದೆಯೇ ಕಾಲು ನೆಲಕ್ಕಂಟಿತು.

ಚಿಕ್ಕಂದಿನಲ್ಲಿ ನೀನು ಮಾಡಿದ ಅದೇ ನೀಲಿ ಗೌನಿನ ರಾಣಿ, ಅಕ್ಕಾ. ಮೈತುಂಬ ಚಾಕೊಲೇಟ್ ಕಾಗದದ ಮಿನುಗು. ಆ ಚಾಕೊಲೇಟುಗಳನ್ನೆಲ್ಲ ತಿಂದವನು ನಾನು, ಕಾಗದ ಹರಿಯದಂತೆ ಬಿಚ್ಚಿಕೊಟ್ಟವನೂ ನಾನೇ. ಪಕ್ಕದಲ್ಲಿ ಗರಿಯ ಟೋಪಿಯ ನರ್ತಕಿ, ಅವಳ ಪಕ್ಕದಲ್ಲಿ ವಿಮಾನ ಓಡಿಸುವ ನಾಯಕಿ. ಉಡುಪು ಗೊಂಬೆಗೆ ಅಂಟಿ ನಿಲ್ಲಲೆಂದು ಲೋಕದವರೆಲ್ಲ ಅದರ ಹೆಗಲಿಗೆ ಎರಡು ಕಾಗದದ ಕಿವಿ ಬಿಟ್ಟು ಹಿಂದಕ್ಕೆ ಮಡಚುತ್ತಾರೆ. ಇವುಗಳಿಗೆ ಸೊಂಟದಲ್ಲೂ ಒಂದು ಕಿವಿ! ನಮ್ಮ ಕೋಣೆಯ ಹಾಳು ಫ್ಯಾನು ತಾರೆಯರ ಬಟ್ಟೆ ಹಾರಿಸಿ ಮಾನ ಕಳೆಯುತ್ತದೆಂದು ನೀನು ಕಂಡುಕೊಂಡ ಉಪಾಯವಲ್ಲವೆ ಅದು? ಚಿಟ್ಟೆಯ ಮನೆಯಲ್ಲಿ ಫ್ಯಾನೇ ಇರಲಿಲ್ಲ.

ಇನ್ನು ಕೈಗಳು. ಒಬ್ಬಳದಾದರೂ ಕಾಣಬೇಕಲ್ಲ! ಮೇಷ್ಟರು ಬೈಯುವಾಗ ನಿಂತ ಮಕ್ಕಳಂತೆ ಎಲ್ಲರೂ ಕೈ ಬೆನ್ನ ಹಿಂದೆ ಕಟ್ಟಿಕೊಂಡಿದ್ದಾರೆ. "ಬೆಳ್ಳಿತೆರೆಯ ಹೆಣ್ಣಿನ ಕಾಣದ ಸಂಕೋಲೆ" ಎಂದು ಯಾವನೋ ಪಂಡಿತ ಗೋಡೆಯ ಮೇಲೆ ಬರೆದು ತೂಗುಹಾಕಿದ್ದಾನೆ. ಸಂಕೋಲೆಯಂತೆ, ಅವನ ತಲೆ! ನೀನು ಒಂದೇ ಒಂದು ಸಲ ಕೈ ಬರೆದೆ, ಹೆಬ್ಬೆರಳು ಕಿರುಬೆರಳಿನ ಜಾಗಕ್ಕೆ ಹೋಗಿ ಕೂತಿತು. ನಾನು ಊಟಕ್ಕೆ ಕೂತಾಗಲೂ ನಗುತ್ತಿದ್ದೆ. ಆಮೇಲೆ ನೀನು ಬರೆದ ಯಾವ ತಾರೆಯೂ ಕೈ ಮುಂದೆ ತರಲಿಲ್ಲ. ಅಮ್ಮ ಆಗ ಹೇಳಿದ್ದು ನೆನಪಿದೆಯೆ? "ಸಿನಿಮಾದವರಿಗೆಲ್ಲ ಬಟ್ಟೆ ತೊಡಿಸ್ತೀಯ, ನಿನ್ನ ತಮ್ಮನ ಚಡ್ಡಿಗೆ ಒಂದು ಗುಂಡಿ ಹಾಕೋಕೆ ಆಗಲ್ವೇನೆ?"

ಒಂದು ಗೊಂಬೆಯನ್ನು ಎರಡು ಗಾಜುಗಳ ನಡುವೆ ನಿಲ್ಲಿಸಿದ್ದಾರೆ. ಬಗ್ಗಿ ಹಿಂಭಾಗ ನೋಡಿದೆ. ಆ ಮಹಾತಾರೆಯ ಬೆನ್ನ ಮೇಲೆ "ಮಕ್ಕಳ ಕೈಗೆ ಸಿಗದಂತೆ ಇಡಿ" ಎಂದು ಅಚ್ಚಾಗಿದೆ! ಅಪ್ಪ ಔಷಧದಂಗಡಿಯಿಂದ ತರುತ್ತಿದ್ದ ಖಾಲಿ ಡಬ್ಬಿಯ ರಟ್ಟು. ಇನ್ನೇನು ಸಾಕ್ಷಿ ಬೇಕು? ವಿವರಿಸಲು ನಿಂತಿದ್ದ ಹುಡುಗಿಗೆ ಹೇಳಿದರೆ, "ಅಂಕಲ್, ಮೇಡಂ ಬಡತನದಲ್ಲಿ ಬೆಳೆದೋರು, ಸಿಕ್ಕಿದ ರಟ್ಟಲ್ಲಿ ಮಾಡಿದಾರೆ" ಎಂದು ನನಗೇ ಪಾಠ ಹೇಳಿದಳು. ಕಾವಲಿನವನು ನನ್ನನ್ನು ಬಾಗಿಲವರೆಗೂ ಹಿಂಬಾಲಿಸಿದ. ಕಳ್ಳರನ್ನು ಪೋಸ್ಟರಿನಲ್ಲಿ ಮೆರೆಸಿ, ಮನೆಯವರನ್ನು ಕಾಯುವ ಕಾಲ ಬಂತು.

ನಿನ್ನ ಗೊಂಬೆಗಳ ಪೆಟ್ಟಿಗೆ ಕಾಣೆಯಾದದ್ದು ಚಿಟ್ಟೆಯವರು ಮನೆ ಖಾಲಿ ಮಾಡಿದ ವಾರದಲ್ಲೇ ಎಂದು ನಾನು ಅಂದೇ ಹೇಳಿದ್ದೆ. ನೀನು ಮಾತ್ರ, "ಹೋದ್ರೆ ಹೋಗ್ಲಿ ಬಿಡೋ ಪತ್ತೇದಾರ" ಎಂದೆ. ಒಂದು ಪೆನ್ಸಿಲ್ ಕಳೆದರೆ ಮನೆ ತಲೆಕೆಳಗು ಮಾಡುತ್ತಿದ್ದವಳು! ಅದನ್ನು ನಿನ್ನ ದೊಡ್ಡಗುಣ ಎಂದುಕೊಂಡೆ. "ನಿನ್ನ ಕಿವಿಗೆ ಬಿದ್ದದ್ದು ಪೇಪರಿಗೆ ಬಿದ್ದ ಹಾಗೆ" ಎಂದು ನೀನು ಹಂಗಿಸುತ್ತಿದ್ದೆಯಲ್ಲ, ಈ ಸಲ ಅದನ್ನು ನಿಜ ಮಾಡಿದ್ದೇನೆ. ಫ್ಯಾನು, ರಟ್ಟು, ಕೈ, ಎಲ್ಲವನ್ನೂ ವಿವರಿಸಿ, ನಿನ್ನ ಹೆಸರು ಹಾಕಿ, ನಿನ್ನೆ ಸಂಜೆಯೇ ಪತ್ರಿಕೆಯ ಸಂಪಾದಕರಿಗೆ ಲೇಖನ ಬರೆದು ಕೊಟ್ಟು ಬಂದಿದ್ದೇನೆ. ಇವತ್ತು ಅವರೇ ಫೋನ್ ಮಾಡಿ ಭಾನುವಾರ ಪ್ರಕಟಿಸುತ್ತೇವೆ ಎಂದರು. ನಿನ್ನದು ನಿನಗೆ ಸೇರಲೇಬೇಕು. ನೀನು ನಿಶ್ಚಿಂತೆಯಿಂದಿರು.

ಭಾವನವರಿಗೆ ನಮಸ್ಕಾರ ತಿಳಿಸು. ಕಣ್ಣಿಗೆ ಔಷಧ ಬಿಡುವುದು ಮರೆಯಬೇಡ. ನಿನ್ನ ಆಶೀರ್ವಾದ ಈ ಜಗಳಗಂಟನ ಮೇಲೂ ಇರಲಿ.

ನಿನ್ನ ತಮ್ಮ,
ಪತ್ತೇದಾರ

ತಾ.ಕ.: ಶುಕ್ರವಾರ. ಪತ್ರವನ್ನು ಡಬ್ಬಿಗೆ ಹಾಕುವ ಮೊದಲು ಇನ್ನೊಮ್ಮೆ ಹೋಗಿ ಬಂದೆ. ಮೊನ್ನೆ ಸಿಟ್ಟಿನಲ್ಲಿ ಕೊನೆಯ ಕೋಣೆಗೆ ಹೋಗಿರಲೇ ಇಲ್ಲ. ಅಲ್ಲೊಬ್ಬಳು ಈ ವರ್ಷವಷ್ಟೇ ಹೆಸರು ಮಾಡಿದ ನಟಿ, ಹೊಚ್ಚಹೊಸ ರಟ್ಟು, ಗೌನಿನ ಅಂಚಿನಲ್ಲಿ ಕಾಗದವನ್ನೇ ಕತ್ತರಿಸಿ ಮಾಡಿದ ಕೂದಲೆಳೆಯಷ್ಟು ಸಣ್ಣ ಕಸೂತಿ. ಬಾಗಿದ ಕತ್ತರಿಯಲ್ಲದೆ ಬೇರೆ ಯಾವುದರಿಂದಲೂ ಬಾರದ ಕೆಲಸ. ಸೊಂಟದಲ್ಲಿ ಕಿವಿ ಇದೆ. ಮತ್ತೆ ಅಕ್ಕಾ, ಇವಳು ಒಂದು ಕೈ ಮುಂದೆ ಚಾಚಿದ್ದಾಳೆ. ಹೆಬ್ಬೆರಳು ಕಿರುಬೆರಳಿನ ಜಾಗದಲ್ಲಿದೆ. ಪೆಟ್ಟಿಗೆ ಕಳೆದಿರಲೇ ಇಲ್ಲ, ನೀನೇ ಚಿಟ್ಟೆಗೆ ಕೊಟ್ಟದ್ದು, ಅಲ್ಲವೆ? ಇಷ್ಟು ವರ್ಷ ನೀವಿಬ್ಬರೂ ಸೇರಿ, ಭಾವನವರೂ ಸೇರಿ, ನನ್ನೊಬ್ಬನಿಂದ ಮುಚ್ಚಿಟ್ಟಿರಾ? ಸಂಪಾದಕರ ಫೋನ್ ಯಾರೂ ಎತ್ತುತ್ತಿಲ್ಲ. ಅವರ ಕಚೇರಿಗೇ ಹೊರಟಿದ್ದೇನೆ. ಈ ಪತ್ರವನ್ನು ಕೊರಿಯರಿನವನ ಕೈಗೆ ಕೊಡುತ್ತಿದ್ದೇನೆ, ನಾಳೆ ಬೆಳಿಗ್ಗೆ ನಿನಗೆ ಸಿಗುತ್ತದೆ. ಸಿಕ್ಕಿದ ಕೂಡಲೇ ಫೋನ್ ಮಾಡಿ ಒಂದೇ ಮಾತು ಹೇಳು: ಆ ಲೇಖನದಲ್ಲಿ ನಿನ್ನ ಹೆಸರು ಇರಲೋ, ಬೇಡವೋ? ಬೇಡ ಎಂದರೆ ಅಚ್ಚಿನ ಯಂತ್ರದ ಮುಂದೆ ಮಲಗಿಯಾದರೂ ನಿಲ್ಲಿಸುತ್ತೇನೆ. ಆ ಕೈ ನೋಡಿ ಈ ಸಲ ನಾನು ನಗಲಿಲ್ಲ.