ಅಂಗಿಯ ಜೇಬಿನಲ್ಲಿ

ಅಕ್ಕಾ,

ಇದನ್ನು ಫೋನಿನಲ್ಲಿ ಹೇಳುವಂತಿಲ್ಲ. ಅದಕ್ಕೇ ಭಾವನಿಗೆ ಹೊಲಿದ ಅಂಗಿಯ ಜೇಬಿನಲ್ಲಿಟ್ಟು ಕಳಿಸುತ್ತಿದ್ದೇನೆ.

ಕ್ರಿಪ್ಟೊದಲ್ಲಿ ಮುಳುಗಿದ ನನ್ನ ದುಡ್ಡನ್ನು ವಾಪಸ್ ಕೊಡಿಸುವ ವಕೀಲನೆಂದು ಒಬ್ಬ ಫೋನ್ ಮಾಡಿದ್ದ. ಅವನು ಹೇಳಿದ ಆ್ಯಪನ್ನೂ ಹಾಕಿಕೊಂಡೆ. ಇವತ್ತು ಬಾಯಿತಪ್ಪಿ, "ಹೆದರ್ಬೇಡ ಸೂಜಿಮೆಣಸು, ನಾನಿದ್ದೀನಲ್ಲ" ಅಂದ. ಅಮ್ಮ ಇಟ್ಟ ಆ ಹೆಸರನ್ನು ನಾನು ಹೊರಗೆ ಹೇಳಿದ್ದು ಒಬ್ಬನಿಗೇ: ನನ್ನಿಂದ ಆ ಕ್ರಿಪ್ಟೊ ಕಾಯಿನ್ ಕೊಳ್ಳಿಸಿ ಮಾಯವಾದವನಿಗೆ.

ಫೋನ್ ಇಟ್ಟ ಮೇಲೆ ಕೈಯಿಂದ ಕತ್ತರಿ ಜಾರಿ ಬಿತ್ತು. ತಕ್ಷಣ ಅವನ ಮೆಸೇಜ್ ಬಂತು: "ಕಾಲಿಗೇನೂ ಆಗ್ಲಿಲ್ಲ ತಾನೇ?" ಆ ಆ್ಯಪಿನಿಂದ ಅವನಿಗೆ ಇಲ್ಲಿನದೆಲ್ಲ ಕಾಣುತ್ತದೆ, ಕೇಳಿಸುತ್ತದೆ; ಫೋನನ್ನು ಮಗುಚಿಟ್ಟು ಇದನ್ನು ಬರೆಯುತ್ತಿದ್ದೇನೆ.

ನೀನೇ ಬ್ಯಾಂಕಿಗೂ ಪೊಲೀಸರ ಹತ್ತಿರಕ್ಕೂ ಹೋಗು. ಅಲ್ಲಿಯವರೆಗೆ ಅವನಿಗೆ ಅನುಮಾನ ಬರಬಾರದು. ಕಾಗದ ಸಿಕ್ಕಿತೆಂದು ನನಗೆ ತಿಳಿಸಲು, "ಅಂಗಿ ಬಿಗಿ ಆಯ್ತು" ಅಂತ ಫೋನಿನಲ್ಲಿ ಬೈ. ಜೋರಾಗೇ ಬೈ, ಅವನಿಗೂ ಕೇಳಿಸಲಿ. ಸೂಜಿಮೆಣಸು ಅಂತ ಮಾತ್ರ ಕರೆಯಬೇಡ, ತಾನು ಬಾಯಿತಪ್ಪಿದ್ದು ಅವನಿಗೆ ಹೊಳೆದೀತು.

ನಿನ್ನ ತಂಗಿ