ಅಮ್ಮ ಓದಿಕೊಟ್ಟ ಪಾರ್ಟು

ಕಡೂರು
೧೪ ಮಾರ್ಚ್ ೧೯೮೭

ಅಮ್ಮಾ, ನಿನ್ನ ಹುಲಿಯಮ್ಮನ ನಮಸ್ಕಾರ.

ಹೇಗಿದ್ದೀಯ? ಮಂಡಿ ನೋವು ಕಡಿಮೆಯಾಯಿತೇ? ಹೊತ್ತಿಗೆ ಸರಿಯಾಗಿ ಉಣ್ಣುತ್ತಿದ್ದೀಯೋ, ಕಾಫಿಯಲ್ಲೇ ಹೊಟ್ಟೆ ತುಂಬಿಸಿಕೊಳ್ಳುತ್ತೀಯೋ? ಟೆಲಿವಿಷನ್ ಧಾರಾವಾಹಿಯ ಶೂಟಿಂಗಿಗೆಂದು ಕಡೂರಿಗೆ ಬಂದು ನಾಲ್ಕು ದಿನವಾಯಿತು. ಬೀರೂರಿಗೆ ಹೋಗಿ ರೈಲು ಹತ್ತಿದರೆ ಊಟದ ಹೊತ್ತಿಗೆ ಅಜ್ಜಂಪುರದಲ್ಲಿ ನಿನ್ನ ಮುಂದಿರಬಹುದು. ಬರಲು ಮುಖವಿಲ್ಲ. ಬಣ್ಣ ಹಚ್ಚಿಕೊಂಡು ಸಾವಿರ ಜನರ ಎದುರು ನಿಲ್ಲುವವಳಿಗೆ ನಿನ್ನೊಬ್ಬಳ ಎದುರು ನಿಲ್ಲಲು ಭಯ. ಎರಡು ವರ್ಷದ ಹಿಂದೆ ನಿನ್ನನ್ನು ಊರಿಗೆ ಅಟ್ಟಿದ್ದಕ್ಕೆ ಕ್ಷಮೆ ಕೇಳಬೇಕು, ಅದಕ್ಕೇ ಈ ಕಾಗದ.

ಯಾರ ಕೈಲಿ ಬರೆಸಿದಳೋ ಎಂದುಕೊಳ್ಳಬೇಡ, ನಾನೇ ಬರೆಯುತ್ತಿದ್ದೇನೆ. ಮೇಕಪ್ಪಿನ ದ್ಯಾವಮ್ಮ ಒಂದು ವರ್ಷ ಕೂರಿಸಿಕೊಂಡು ಅಕ್ಷರ ತಿದ್ದಿಸಿದಳು. ಎಂಟು ವರ್ಷಕ್ಕೇ ನಾಟಕದ ಕಂಪನಿ ಸೇರಿದವಳಿಗೆ ಶಾಲೆ ಎಲ್ಲಿತ್ತು ಹೇಳು? ಮೂರು ತಿಂಗಳು ತರೀಕೆರೆ, ಮೂರು ತಿಂಗಳು ಸಖರಾಯಪಟ್ಟಣ, ಟೆಂಟು ಹೋದಲ್ಲಿಗೆ ನಾವು. ನಾಲ್ಕನೇ ಕ್ಲಾಸು ಓದಿದ್ದ ನೀನು ಪಾರ್ಟು ಓದಿ ಹೇಳುತ್ತಿದ್ದೆ, ನಾನು ಕೇಳಿ ಬಾಯಿಪಾಠ ಮಾಡುತ್ತಿದ್ದೆ. "ಬಾಯ್ಗೆ ಬರೋಗಂಟ ಉಣ್ಣಕ್ಕಿಕ್ಕಲ್ಲ ಕಣೇ" ಅನ್ನುತ್ತಿದ್ದೆ, ಇಕ್ಕುತ್ತಲೂ ಇರಲಿಲ್ಲ. ಎಪ್ಪತ್ತೊಂದರಲ್ಲಿ ತರೀಕೆರೆಯಲ್ಲಿ ಮೊದಲ ಸಲ ರಾಣಿಯಾದಾಗಿನಿಂದ ಸಿನಿಮಾದ ಅತ್ತೆ, ಹುಚ್ಚಿ, ಗಯ್ಯಾಳಿ, ಸೂಲಗಿತ್ತಿ ಎಲ್ಲವೂ ನಿನ್ನ ಬಾಯಿಂದ ನನ್ನ ಬಾಯಿಗೆ ಬಂದವೇ. ನನಗೆ ಓದು ಬಾರದೆಂಬುದು ನಮ್ಮಿಬ್ಬರ ಹೊರತು ಯಾರಿಗೂ ತಿಳಿಯದ ಹಾಗೆ ನೀನು ನೋಡಿಕೊಂಡೆ.

ಆ ದಿನ ಸ್ಟುಡಿಯೋದಲ್ಲಿ ನೀನು ಹೇಳಿಕೊಟ್ಟ ಮಾತನ್ನು ಕ್ಯಾಮೆರಾ ಮುಂದೆ ಹೇಳಿದೆ. ಎಲ್ಲರೂ ಗೊಳ್ಳೆಂದು ನಕ್ಕರು. ಅದು ಪಾರ್ಟಿನ ಕಾಗದದಲ್ಲಿ ಇರಲೇ ಇಲ್ಲ. ಪಾರ್ಟು ಓದಿಯೇ ಇಲ್ಲವೇನಮ್ಮ ಎಂದು ನಿರ್ದೇಶಕರು ಕೇಳಿದರು. ನನಗೆ ಅವಮಾನವಾಯಿತು, ಸಿಟ್ಟು ನೆತ್ತಿಗೇರಿತು. "ಓದಕ್ಕಾಗ್ದಿದ್ರೆ ಊರಿಗೋಗು" ಎಂದು ಅಷ್ಟು ಜನರ ಮುಂದೆ ನಿನಗೆ ಅಂದುಬಿಟ್ಟೆ. ನೀನು ಸೀರೆ ಗಂಟು ಕಟ್ಟಿದೆ. ರೈಲು ಹತ್ತಿಸಲೂ ನಾನು ಬರಲಿಲ್ಲ.

ಹೋದ ಯುಗಾದಿಗೆ ರೇವಣಣ್ಣ ಬೆಂಗಳೂರಿಗೆ ಬಂದವನು ಹೇಳಿದ: "ಅಮ್ಮಂಗೆ ನಿನ್ನ್ ಜತೆ ಇದ್ದಾಗ್ಲೇ ಕಣ್ಣು ಕಾಣ್ತಿರ್ಲಿಲ್ಲ. ನರ ಹೋಗೈತೆ, ಇನ್ನು ಬರಲ್ಲ ಅಂದ್ರು ಡಾಕ್ಟ್ರು. ನಿಂಗೊತ್ತಿರ್ಲಿಲ್ವಾ?" ಗೊತ್ತಿರಲಿಲ್ಲ ಅಮ್ಮ. ಪಕ್ಕದಲ್ಲೇ ಮಲಗುತ್ತಿದ್ದವಳಿಗೆ ಗೊತ್ತಾಗಲಿಲ್ಲ. ನಿರ್ದೇಶಕರು ಬೇರೆಯವರಿಗೆ ಕಥೆ ಹೇಳುವಾಗ ಕಿವಿಗೊಟ್ಟು ಕೇಳಿ, ಕಾಣದ ಕಾಗದವನ್ನು ಕಣ್ಣ ಮುಂದೆ ಹಿಡಿದು, ನೀನೇ ಮಾತು ಕಟ್ಟಿ ಹೇಳುತ್ತಿದ್ದೆಯಂತೆ. ನಿಜ ಹೇಳಿದರೆ ಗುಟ್ಟು ಹೊರಬಿದ್ದು ನನ್ನ ಅನ್ನಕ್ಕೆ ಕಲ್ಲು ಬೀಳುತ್ತದೆಂದು ಸುಮ್ಮನಿದ್ದೆಯಂತೆ.

ಆಮೇಲೆ ಒಂದೊಂದೇ ನೆನಪಾಯಿತು. ಮಗನ ಹೆಣದ ಮುಂದೆ ಕೂತ ತಾಯಿ "ಬಿಸಿ ಅನ್ನ ಅವನಿಗಾಗಲ್ಲ, ಆರಕ್ಕಿಡಿ" ಅನ್ನುತ್ತಾಳಲ್ಲ, ಆ ಪಾತ್ರಕ್ಕೆ ನನಗೆ ಬಹುಮಾನ ಬಂತು. ಕಥೆ ಬರೆದವರು, ಈ ಮಾತು ನನ್ನದಲ್ಲ, ಆದರೆ ಹಾಗೇ ಇರಲಿ ಎಂದಿದ್ದರು. ನಾನು ಅರ್ಥವಾಗದೆ ನಕ್ಕಿದ್ದೆ. ಅದು ಅಪ್ಪ ತೀರಿಕೊಂಡ ದಿನ ನೀನು ಆಡಿದ ಮಾತು ಎಂದು ಅಣ್ಣ ಹೇಳಿದ. ನೀನು ಅಪ್ಪನನ್ನು ನೋಡಿಕೊಳ್ಳಲು ಊರಿಗೆ ಹೋಗಿದ್ದೆ; ನಾನು ಆ ದಿನ ತರೀಕೆರೆಯಲ್ಲಿ ಬಣ್ಣ ಹಚ್ಚಿಕೊಂಡಿದ್ದೆ, ಮನೆಯಲ್ಲಿರಲಿಲ್ಲ.

ಎಲ್ಲರೂ ಮೆಚ್ಚಿದ್ದು ನಿನ್ನ ಸಂಕಟವನ್ನು, ಹಾರ ಬಿದ್ದದ್ದು ನನ್ನ ಕೊರಳಿಗೆ. ಅಂಥ ನಿನ್ನನ್ನು ನಾನು ಕೆಲಸಕ್ಕೆ ಬಾರದವಳೆಂದು ಕಳಿಸಿದೆ. ತಪ್ಪಾಯಿತು ಅಮ್ಮ. ನನ್ನ ಜೊತೆ ಬಂದಿರು. ಓದಿ ಹೇಳಲು ಬೇಡ, ಸುಮ್ಮನೆ ಬಂದಿರು.

ರೇವಣಣ್ಣನಿಗೆ, ಅತ್ತಿಗೆ ಕೆಂಚಮ್ಮನಿಗೆ ನಮಸ್ಕಾರ ಹೇಳು.

ನಿನ್ನ ಮಗಳು
ಹುಲಿಯಮ್ಮ

ತಾ.ಕ.: ಇದನ್ನು ಅಂಚೆಗೆ ಹಾಕುತ್ತಿಲ್ಲ. ಅಂಚೆಗೆ ಹಾಕಿದರೆ ಅಣ್ಣ ಓದಿ ಹೇಳುತ್ತಾನೆ, ನಾನು ತಪ್ಪಿಸಿಕೊಂಡ ಹಾಗಾಗುತ್ತದೆ. ನಾಳೆ ಶೂಟಿಂಗಿಗೆ ರಜೆ ಹೇಳಿದ್ದೇನೆ, ಬೆಳಗಿನ ರೈಲಿಗೆ ನಾನೇ ತರುತ್ತೇನೆ. ಒಳಗೆ ಕರೆದರೆ ನಿನ್ನ ಕಾಲ ಬಳಿ ಕೂತು ನಾನೇ ಓದುತ್ತೇನೆ. ಒತ್ತಕ್ಷರ ಬಂದಲ್ಲಿ ಇನ್ನೂ ತಡವರಿಸುತ್ತೇನೆ, ಎದ್ದು ಹೋಗಬೇಡಮ್ಮ.